ಮಗ್ಗದ ಮಾತು

ಬಿಸ್ಕತ್ತಿನ ಡಬ್ಬಿಯಲ್ಲಿತ್ತು ರೀಲು.
ಬಾಗಿಲು ಮುಚ್ಚಿದ ಫೋಟೋ ಅಂಗಡಿಯ ಅಟ್ಟದಿಂದ
ಬರ್ನ್ಲಿಯ ಲೈಬ್ರರಿಗೆ ತಂದವರು
‘ಎಸೆಯಲು ಮನಸ್ಸಾಗಲಿಲ್ಲ’ ಎಂದಿಟ್ಟು ಹೋದರು.
ಮುಚ್ಚಳ ತೆಗೆದರೆ ಕರ್ಪೂರದ ವಾಸನೆ.
ಕಿಡಿ ತಾಗಿದರೆ ಉರಿಯುವುದೂ ಹಾಗೆಯೇ ಅಂತೆ,
ಬೂದಿಯೂ ಉಳಿಯದಂತೆ.

ನಕಲು ತೆಗೆಸಿ ಗೋಡೆಗೆ ಬಿಟ್ಟೆವು.
ಎರಡು ನಿಮಿಷ, ಹನ್ನೊಂದು ಸೆಕೆಂಡು.
ಸೇಂಟ್ ಜೇಮ್ಸ್ ಬೀದಿಯಲ್ಲಿ ನಾಲ್ಕು ನಾಲ್ಕು ಸಾಲಾಗಿ
ದಕ್ಷಿಣ ಆಫ್ರಿಕಕ್ಕೆ ಹೊರಟ ಸಿಪಾಯಿಗಳು.
ನಗಾರಿಯ ಕೋಲು ಏಳುತ್ತದೆ, ಬೀಳುತ್ತದೆ,
ಹತ್ತಿ ಮೂಟೆಗೆ ಬಡಿದಂತೆ.
ಬರಿಗಾಲ ಹುಡುಗನೊಬ್ಬ ಕ್ಯಾಮರಾ ದಾಟಿ ಓಡಿ
ಹಿಂದಿನಿಂದ ಸುತ್ತಿ ಬಂದು ಮತ್ತೆ ದಾಟಿ
ಮೂರನೆಯ ಸಲ ಟೋಪಿ ಕಳೆದುಕೊಂಡು ದಾಟುತ್ತಾನೆ.
ಎಲ್ಲರೂ ನಮ್ಮನ್ನು ನೋಡುವವರೇ,
ಕುದುರೆಯ ಲದ್ದಿ ಬಾಚುವ ಮುದುಕನ ಹೊರತು.

ಬರೆದುಕೊಳ್ಳುವುದು ನನ್ನ ಕೆಲಸ.
ಅಂಗಡಿ ಬೋರ್ಡು ಹದಿನಾಲ್ಕು. ಕುದುರೆ ಒಂಬತ್ತು. ನಾಯಿ ಒಂದು.
‘ಮಾತು’ ಎಂಬ ಕಾಲಮ್ಮಿನೆದುರು
ಸ್ಕೇಲಿಟ್ಟು ಅಡ್ಡಗೆರೆ ಎಳೆದಿದ್ದೆ:
ತುಟಿ ಪಿಟಕ್ಕೆನ್ನದ ಚಿತ್ರಕ್ಕೆ ಇನ್ನೇನು?

ಹಿಂದಿನಿಂದ ಯಾರೋ ನಕ್ಕರು.
ನೆಲ ಒರೆಸುವ ಹೆಟ್ಟಿ ಕ್ಲೆಗ್,
ಒದ್ದೆ ಬಟ್ಟೆಯ ಕೋಲಿಗೆ ಗಲ್ಲವೂರಿ ನಿಂತಿದ್ದಾಳೆ.
‘ಆ ಮೂರನೆಯವನು, ಮೀಸೆಯವನು,
ಬೂಟು ಕಚ್ಚುತ್ತಿದೆ ಅಂತಿದ್ದಾನೆ ಪಾಪ.’

‘ನಿನಗೆ ಹೇಗೆ...’
‘ಮುನ್ನೂರು ಮಗ್ಗ ಒಟ್ಟಿಗೆ ಬಡಿಯುವಲ್ಲಿ
ಗಂಟಲು ಕಟ್ಟಿಕೊಂಡು ಏನಾಗಬೇಕು ಮಗೂ?
ನಲವತ್ತು ವರ್ಷ ನಾವು ತುಟಿಯಲ್ಲೇ ಬಯ್ದದ್ದು,
ತುಟಿಯಲ್ಲೇ ಹೆಣ್ಣು ನೋಡಿದ್ದು, ಸಾವಿನ ಸುದ್ದಿ ಹೇಳಿದ್ದು.
ಇವರೂ ಲಾಳಿ ಎಸೆದವರೇ ತಾನೆ?
ಕೈಗೆ ಕೋವಿ ಬಂದರೆ ಬಾಯಿ ಬದಲಾಗುತ್ತದೆಯೇ?’

ಮತ್ತೆ ಸುತ್ತಿದೆ. ಮತ್ತೆ ಬಿಟ್ಟೆ.
ಹಾಸಿಗೆ ಹೊಕ್ಕು ಸೇರಿದಂತೆ
ಬೂದು ಮುಖಗಳ ನಡುವೆ ಅವಳ ದನಿ ಓಡತೊಡಗಿತು:
‘ಬಾಡಿಗೆ ಪುಸ್ತಕ ಗಡಿಯಾರದ ಹಿಂದಿದೆ.’
‘ಆ ಪೆಟ್ಟಿಗೆಯಲ್ಲೇನೋ? ಚಿತ್ರ ತೆಗೆಯೋದು. ನಗಬೇಡ.’
‘ಉಚ್ಚೆ ಬಂದಿದೆ ಕಣೋ.’
ಒಬ್ಬ ಲೆಕ್ಕ ಹಾಕುತ್ತಿದ್ದ, ಎಡ ಬಲ ಎಡ ಬಲ,
ಬರಿಯ ಹೆಜ್ಜೆ ತಪ್ಪಬಾರದೆಂದು.
ಬಾಯಿ ಬಿಟ್ಟರೆ ಬಣ್ಣಗೇಡು ಅನ್ನುತ್ತಾರೆ,
ಬಣ್ಣವೇ ಇಲ್ಲದವರು ಎಷ್ಟು ಮಾತಾಡಿದರು!

ಕುದುರೆಯ ಮೇಲಿನ ಕ್ಯಾಪ್ಟನ್ ಏನೋ ಕೂಗುತ್ತಿದ್ದ.
‘ಅವನದು ತಿಳಿಯದು,’ ಅಂದಳು ಹೆಟ್ಟಿ,
‘ಅವನು ಕಿವಿಯಿದ್ದವರಿಗೆ ಮಾತಾಡುವವನು.’

ಕೊನೆಯ ಸಾಲಿನ ಅಂಚಿನವನು
ಮುಖವೆತ್ತಿ ಮಾಳಿಗೆಯ ಯಾವುದೋ ಕಿಟಕಿಗೆ,
ನಮ್ಮ ಚೌಕಟ್ಟಿಗೆ ಸಿಗದ ಕಿಟಕಿಗೆ,
ಅಗಲವಾಗಿ, ಬಿಡಿಬಿಡಿಯಾಗಿ ಏನೋ ಹೇಳಿದ.
ನಗು ನಿಂತಿತು. ಇನ್ನೊಮ್ಮೆ ಅಂದಳು. ಇನ್ನೊಮ್ಮೆ.
ವೇಗ ತಗ್ಗಿಸಿದೆ.
‘ಬೇಡ, ಎಳೆದರೆ ನೂಲು ಹರಿಯುತ್ತದೆ,
ಇದ್ದ ಹಾಗೇ ಬಿಡು.’
ನಾಲ್ಕನೆಯ ಸಲ ನೋಡಿ ಬಕೆಟ್ಟಿನ ಹಿಡಿ ಹಿಡಿದಳು.

‘ಏನಂದ?’

ನನ್ನತ್ತ ತಿರುಗಿದಳು.
ಕಿವುಡು ಮಗುವಿಗೆ ಊಟ ಬಡಿಸುವಷ್ಟು ನಿಧಾನವಾಗಿ
ತುಟಿ ಚಾಚಿ, ಅಗಲಿಸಿ, ಮುಚ್ಚಿ, ಹಲ್ಲಿಗೆ ನಾಲಗೆ ತಾಗಿಸಿ
ಅಷ್ಟನ್ನೂ ಹೇಳಿದಳು, ಉಸಿರಿನ ಸದ್ದೂ ಇಲ್ಲದೆ.
ಬಕೆಟ್ಟೆತ್ತಿಕೊಂಡು ಓಣಿಯುದ್ದಕ್ಕೂ
ಕಿರ್ರೆನ್ನಿಸುತ್ತ ಹೋದಳು.

ನಾನು ಔಷಧಿ ಅಂಗಡಿಯವನ ಮಗ.
ಇದೇ ಊರಲ್ಲಿ ಹುಟ್ಟಿ ಒಂದು ದಿನವೂ ಮಿಲ್ಲಿನೊಳಗೆ ನಿಂತವನಲ್ಲ.

ಅಡ್ಡಗೆರೆ ಅಳಿಸಿದ ಜಾಗದಲ್ಲಿ ಕಾಗದ ಸ್ವಲ್ಪ ಸವೆದಿದೆ.
ರಾತ್ರಿ ಹಲ್ಲುಜ್ಜುವಾಗ ಕನ್ನಡಿಯಲ್ಲಿ
ಅವಳ ತುಟಿಯನ್ನು ನನ್ನ ತುಟಿಗೆ ತಂದುಕೊಳ್ಳುತ್ತೇನೆ.
ಮೊದಲ ಪದಕ್ಕೇ ಸಿಕ್ಕಿಬಿದ್ದಿದ್ದೇನೆ:
ಪ, ಬ, ಮ,
ಮೂರಕ್ಕೂ ಬಾಯಿ
ಒಂದೇ ತೆರನಾಗಿ ಮುಚ್ಚುತ್ತದೆ.